ಆದವಾನಿ ಅಂದ್ರೆ ಯಾವೂರು ಸಾರ್?

ಪರೀಕ್ಷೆ, ಆನ್‌ಲೈನ್ ಹಾಜರಿ, ಬಿಸಿಯೂಟದ ಲೆಕ್ಕ ಅಂತ ಬಹಳ ದಿನ ಬರೆಯಲಾಗಲಿಲ್ಲ. ಇವತ್ತು ಬರೆಯಲು ಕೂತಿದ್ದು ಒಬ್ಬ ಹುಡುಗ ಕೇಳಿದ ಪ್ರಶ್ನೆಯಿಂದ.

2025ರ ನವೆಂಬರಿನಲ್ಲಿ ರಾಜ್ಯೋತ್ಸವದ ನೆಪ ಮಾಡಿಕೊಂಡು ನಮ್ಮ ಶಾಲೆಯ ಆರು ಮತ್ತು ಏಳನೇ ತರಗತಿ ಮಕ್ಕಳಿಗೆ 'ಬಂಗಾರದ ಮನುಷ್ಯ' ತೋರಿಸಿದೆವು. ಆಂಧ್ರದಲ್ಲಿದ್ದುಕೊಂಡು ಕರ್ನಾಟಕದ ರಾಜ್ಯೋತ್ಸವ ಏನ್ ಮಾಡ್ತೀರಿ ಅಂತ ಕೆಲವರು ಕೇಳುತ್ತಾರೆ. ನಾವು ರಾಜ್ಯದ ಹಬ್ಬ ಮಾಡುವುದಿಲ್ಲ ಮಾರಾಯರೇ, ಮಕ್ಕಳಿಗೆ ಒಂದು ಕನ್ನಡ ಸಿನಿಮಾ ತೋರಿಸುತ್ತೇವೆ, ಅಷ್ಟೇ. ತರಗತಿಯ ಗೋಡೆಗೆ ಸರ್ಕಾರ ಹಾಕಿಕೊಟ್ಟ ದೊಡ್ಡ ಪರದೆ ಇದೆ. ಪೆನ್‌ಡ್ರೈವ್‌ ಚುಚ್ಚಿದರೆ ಆಯಿತು. ಕಿಟಕಿಗೆ ಗೋಣಿಚೀಲ ಕಟ್ಟಿ, ಫ್ಯಾನ್ ಹಾಕಿ, ಮಕ್ಕಳನ್ನು ಸಾಲಾಗಿ ಕೂಡಿಸಿದೆವು.

ಹೆಸರುಗಳು ಬರತೊಡಗಿದವು. ಮಕ್ಕಳು ಜೋರಾಗಿ ಓದುತ್ತಿದ್ದರು. ಕನ್ನಡ ಅಕ್ಷರ ಎಲ್ಲಿ ಕಂಡರೂ ಜೋರಾಗಿ ಓದುವುದು ನಮ್ಮ ಮಕ್ಕಳಿಗೆ ಅಭ್ಯಾಸ. ಬಸ್ಸಿನ ಬೋರ್ಡು ತೆಲುಗು, ಅಂಗಡಿಯ ಬೋರ್ಡು ತೆಲುಗು, ಕಾಣುವುದೇ ಅಪರೂಪ ಅಂದಮೇಲೆ ಓದದೆ ಬಿಡುತ್ತಾರೆಯೇ! ರಾಜ್‌ಕುಮಾರ್, ಭಾರತಿ, ಬಾಲಕೃಷ್ಣ... ಆಮೇಲೆ 'ಆದವಾನಿ ಲಕ್ಷ್ಮೀದೇವಿ'. ಹಿಂದಿನ ಸಾಲಿನ ಒಬ್ಬ ಹುಡುಗ ಕೈ ಎತ್ತಿದ.

"ಆದವಾನಿ ಅಂದ್ರೆ ಯಾವೂರು ಸಾರ್?"

ನಮಗೆ ಒಂದು ಕ್ಷಣ ಮಾತೇ ಬರಲಿಲ್ಲ. ಆ ಹುಡುಗನ ಅಪ್ಪ ವಾರಕ್ಕೆರಡು ಸಲ ಹತ್ತಿ ಹೇರಿಕೊಂಡು ಆದೋನಿ ಮಾರ್ಕೆಟ್ಟಿಗೆ ಹೋಗುತ್ತಾನೆ. ಹುಡುಗ ಹುಟ್ಟಿದ್ದೂ ಆದೋನಿಯ ಆಸ್ಪತ್ರೆಯಲ್ಲೇ. "ಆದೋನಿನೇ ಕಣೋ" ಅಂದೆವು. ಅವನು ನಂಬಲಿಲ್ಲ. "ಆದೋನಿಯೋರು ರಾಜ್‌ಕುಮಾರ್ ಪಿಕ್ಚರಿನಾಗ ಯಾಕ ಇರ್ತಾರ ಸಾರ್?" ಅಂದ. ಮಕ್ಕಳೆಲ್ಲ ನಕ್ಕರು. ನಾವೂ ನಕ್ಕೆವು. ಆದರೆ ರಾತ್ರಿ ಮಲಗಿದಾಗ ಆ ಮಾತು ಮತ್ತೆ ಮತ್ತೆ ನೆನಪಾಯಿತು.

ಹೊರಗಿನ ಓದುಗರಿಗಾಗಿ ಸ್ವಲ್ಪ ಚರಿತ್ರೆ. ನಮ್ಮ ಕಡೆಯವರು ಈ ಪ್ಯಾರಾ ಬಿಟ್ಟು ಮುಂದೆ ಹೋಗಬಹುದು, ನಿಮಗೆಲ್ಲ ಗೊತ್ತಿರುವುದೇ. ಆದೋನಿ, ಆಲೂರು, ರಾಯದುರ್ಗ ಇವು ಮೂರೂ ಹಿಂದೆ ಮದ್ರಾಸ್ ಪ್ರಾಂತದ ಬಳ್ಳಾರಿ ಜಿಲ್ಲೆಯ ತಾಲೂಕುಗಳು. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಆದಾಗ ಈ ಮೂರು ತಾಲೂಕು ಆಂಧ್ರಕ್ಕೆ ಹೋದವು, ಬಳ್ಳಾರಿಯೂ ಸೇರಿ ಉಳಿದ ಏಳು ಮೈಸೂರಿಗೆ ಬಂದವು. ಆದೋನಿ ಮತ್ತು ಆಲೂರನ್ನು ಕರ್ನೂಲು ಜಿಲ್ಲೆಗೆ ಸೇರಿಸಿದರು, ರಾಯದುರ್ಗವನ್ನು ಅನಂತಪುರಕ್ಕೆ. ನಮ್ಮ ಹೊಳಗುಂದವೂ ಆ ಹೋದ ಭಾಗದಲ್ಲೇ ಇತ್ತು. ಊರು ಎಲ್ಲಿತ್ತೋ ಅಲ್ಲೇ ಇದೆ, ದೇವರಗಟ್ಟದ ಮಾಳಮಲ್ಲೇಶ್ವರನೂ ಅಲ್ಲೇ ಇದ್ದಾನೆ, ಬನ್ನಿಯ ರಾತ್ರಿ ಬಡಿಗೆ ಹಿಡಿದು ಆಚೆಯವರೂ ಬರುತ್ತಾರೆ ಈಚೆಯವರೂ ಬರುತ್ತಾರೆ. ಬದಲಾದದ್ದು ಕಚೇರಿಯ ಕಾಗದ. ಕಾಗದದ ಜೊತೆಗೆ ಊರುಗಳ ಹೆಸರೂ ನಿಧಾನಕ್ಕೆ ಬದಲಾದವು. ಹಳೆಯ ತಲೆಗಳು 'ಆದವಾನಿ' ಅನ್ನುತ್ತಿದ್ದ ಊರು ಈಗ ಎಲ್ಲರ ಬಾಯಲ್ಲೂ ಆದೋನಿ. ರೈಲ್ವೆ ಸ್ಟೇಷನ್ನಿನಲ್ಲೂ ಅದೇ, ನಮ್ಮ ಸರ್ವಿಸ್ ರಿಜಿಸ್ಟರಿನಲ್ಲೂ ಅದೇ.

ಹಾಗಾಗಿ 1972ರಲ್ಲಿ, ಊರು ಆಂಧ್ರಕ್ಕೆ ಹೋಗಿ 19 ವರ್ಷ ಆದಮೇಲೆ, ಬೆಂಗಳೂರಿನ ಸ್ಟೇಟ್ಸ್ ಚಿತ್ರಮಂದಿರದಲ್ಲಿ ಎರಡು ವರ್ಷ ಓಡಿದ ಸಿನಿಮಾದಲ್ಲಿ ನಮ್ಮ ಊರಿನ ಹಳೆಯ ಹೆಸರು ದಿನಾ ಪರದೆಯ ಮೇಲೆ ಬರುತ್ತಿತ್ತು ಅಂದರೆ ನಮಗೆ ಅದೇನೋ ಖುಷಿ. ಯಾವ ಕಮಿಷನ್ನಿನ ವರದಿಯೂ ಆ ಹೆಸರನ್ನು ಉಳಿಸಲಿಲ್ಲ. ಉಳಿಸಿದ್ದು ಒಬ್ಬ ಪೋಷಕ ನಟಿ. ಅದೇ ಕಾಲದಲ್ಲಿ ಎಂ.ಎನ್. ಲಕ್ಷ್ಮೀದೇವಿ ಎಂಬ ಇನ್ನೊಬ್ಬ ನಟಿ ಇದ್ದರು, ನರಸಿಂಹರಾಜು ಜೊತೆ ಹಾಸ್ಯ ಪಾತ್ರಗಳಲ್ಲಿ ಹೆಸರು ಮಾಡಿದವರು. ಒಂದೇ ಹೆಸರಿನವರು ಇಬ್ಬರಾದಾಗ ಇನಿಶಿಯಲ್ಲೋ ಊರಿನ ಹೆಸರೋ ಮುಂದೆ ಬೇಕಾಗುತ್ತದೆ. ನಮ್ಮ ಶಾಲೆಯಲ್ಲೂ ಇಬ್ಬರು ಈರಣ್ಣ ಇದ್ದರೆ ಒಬ್ಬ ಹೆಬ್ಬಟಂ ಈರಣ್ಣ ಆಗುವುದಿಲ್ಲವೇ, ಹಾಗೆ.

ಈ ಹೆಸರು ನಮಗೆ ಮೊದಲು ಗೊತ್ತಾಗಿದ್ದು ನಮ್ಮ ಅಮ್ಮನಿಂದ. ನಾವು ಚಿಕ್ಕವರಿದ್ದಾಗ ಮನೆಯಲ್ಲಿ ಟಿವಿ ಇರಲಿಲ್ಲ. ಊರಿನ ಒಬ್ಬರ ಮನೆಯಲ್ಲಿ ಇತ್ತು, ಅಂಗಳಕ್ಕೆ ತಂದಿಡುತ್ತಿದ್ದರು. ಭಾನುವಾರ ಸಂಜೆ ದೂರದರ್ಶನದಲ್ಲಿ ಕನ್ನಡ ಸಿನಿಮಾ. ಆಂಟೆನಾ ತಿರುಗಿಸಲು ಒಬ್ಬ ಹುಡುಗ ಮಾಳಿಗೆಯ ಮೇಲೆ ಕಾಯಂ. ಗಾಳಿ ಬೀಸಿದರೆ ರಾಜ್‌ಕುಮಾರರು ಮೂರು ಜನ ಆಗುತ್ತಿದ್ದರು! ಅಮ್ಮ ಓದಿದ್ದು ಎರಡನೇ ಕ್ಲಾಸು, ಹೆಸರುಗಳನ್ನು ಕೂಡಿಸಿ ಕೂಡಿಸಿ ಓದುವಷ್ಟರಲ್ಲಿ ಮುಂದಿನ ಹೆಸರು ಬಂದುಬಿಡುತ್ತಿತ್ತು. ಆದರೆ ಲಕ್ಷ್ಮೀದೇವಿಯವರ ಮುಖ ಕಂಡ ಕೂಡಲೇ, "ನಮ್ಮೂರಾಕಿ ಬಂದ್ಲು ನೋಡ್ರಿ!" ಅಂತ ಕೂಗುತ್ತಿದ್ದಳು. ಅಂಗಳದ ಹೆಂಗಸರೆಲ್ಲ ಸೆರಗು ಸರಿ ಮಾಡಿಕೊಂಡು ಸ್ವಲ್ಪ ಮುಂದೆ ಸರಿಯುತ್ತಿದ್ದರು. ನೆಂಟರು ಬಂದ ಹಾಗೆ. ರಾಜ್‌ಕುಮಾರ್ ಬಂದಾಗ ಹುಡುಗರು ಸಿಳ್ಳೆ ಹೊಡೆಯುತ್ತಿದ್ದರು, ಅದು ಬೇರೆ ಮಾತು. ಹೆಂಗಸರ ಚಪ್ಪಾಳೆ ಮಾತ್ರ ಅಕ್ಕನ ಪಾತ್ರಕ್ಕೆ, ಅಮ್ಮನ ಪಾತ್ರಕ್ಕೆ.

ನಮಗೆ ಆಗ ಇದು ಅರ್ಥವಾಗುತ್ತಿರಲಿಲ್ಲ. ಹೀರೋಯಿನ್ ಭಾರತಿ ಇರುವಾಗ ಈ ಬಿಳಿ ಸೀರೆಯ ಹೆಂಗಸನ್ನು ಯಾಕೆ ಅಷ್ಟು ನೋಡುತ್ತಾರೆ ಅನ್ನಿಸುತ್ತಿತ್ತು.

ಈಗ ಮೇಷ್ಟ್ರಾಗಿ, ಮಕ್ಕಳಿಗೆ ಪಾಠ ಮಾಡುವ ಕಣ್ಣಿನಿಂದ 'ಬಂಗಾರದ ಮನುಷ್ಯ'ವನ್ನು ಮತ್ತೆ ನೋಡಿದಾಗ ಒಂದು ವಿಷಯ ಹೊಳೆಯಿತು. ಟಿ.ಕೆ. ರಾಮರಾವ್ ಅವರ ಕಾದಂಬರಿ, ಸಿದ್ದಲಿಂಗಯ್ಯನವರ ನಿರ್ದೇಶನ. ಕಥೆ ಎಲ್ಲರಿಗೂ ಗೊತ್ತು. ಪಟ್ಟಣದಿಂದ ಬಂದ ರಾಜೀವ, ಭಾವ ತೀರಿಕೊಂಡು ಸಾಲದಲ್ಲಿ ಮುಳುಗಿದ ಅಕ್ಕನ ಮನೆಯನ್ನು ನೋಡುತ್ತಾನೆ. ಅಲ್ಲೇ ನಿಲ್ಲುತ್ತಾನೆ, ಬಂಜರು ನೆಲ ಹಸನು ಮಾಡುತ್ತಾನೆ, ಅಕ್ಕನ ಮಕ್ಕಳನ್ನು ಓದಿಸುತ್ತಾನೆ. ಕೊನೆಗೆ ಅದೇ ಮನೆಯಲ್ಲಿ ಮಾತು ಕೇಳಿಸಿಕೊಂಡು, ಉಣ್ಣುವ ತಟ್ಟೆಯ ಮುಂದಿನಿಂದ ಎದ್ದು ಹೋಗುತ್ತಾನೆ. ಈ ಸಿನಿಮಾ ನೋಡಿ ಪಟ್ಟಣ ಬಿಟ್ಟು ಹಳ್ಳಿಗೆ ಬಂದು ಬೇಸಾಯ ಹಿಡಿದವರಿದ್ದಾರೆ ಎಂಬ ಮಾತು ಇವತ್ತಿಗೂ ಇದೆ. ಅದೆಲ್ಲ ರಾಜೀವನ ಲೆಕ್ಕಕ್ಕೆ ಸೇರಿತು. ಸೇರಬೇಕಾದ್ದೇ.

ಆದರೆ ಆ ಅಕ್ಕ ಶಾರದೆ ಇಲ್ಲದಿದ್ದರೆ ರಾಜೀವ ಹಳ್ಳಿಯಲ್ಲಿ ನಿಲ್ಲಲು ಕಾರಣ ಏನಿದೆ ಹೇಳಿ? ಆಕೆಯ ಮುಖ ನೋಡಿ ನಮಗೂ 'ಇವನು ಇಲ್ಲೇ ಇರಬೇಕು' ಅನ್ನಿಸದಿದ್ದರೆ ಮುಂದಿನದೆಲ್ಲ ಸುಳ್ಳು. ಬಾವಿ ಸುಳ್ಳು, ಹೊಲ ಸುಳ್ಳು, ಕೊನೆಯಲ್ಲಿ ಎದ್ದು ಹೋಗುವಾಗ ನಮ್ಮ ಗಂಟಲು ಕಟ್ಟುವುದೂ ಸುಳ್ಳು. ಆಕೆಗೆ ಉದ್ದುದ್ದ ಡೈಲಾಗ್ ಇಲ್ಲ, ಮರ ಸುತ್ತುವ ಹಾಡಿಲ್ಲ. ಇರುವುದು ಹೊಸ್ತಿಲು, ಅಡಿಗೆಮನೆ, ಸೆರಗು. ಅಷ್ಟರಲ್ಲೇ ಮೊದಲಿನ ಹತ್ತು ಹದಿನೈದು ನಿಮಿಷ ಇಡೀ ಸಿನಿಮಾದ ಭಾರ ಆಕೆಯ ತಲೆಯ ಮೇಲಿರುತ್ತದೆ. ಕಥೆ ಹಿಡಿತಕ್ಕೆ ಬಂದಮೇಲೆ ಆಕೆ ಬದಿಗೆ ಸರಿಯುತ್ತಾರೆ. ಮರುವರ್ಷ, 1973ರಲ್ಲಿ, ರಾಜ್‌ಕುಮಾರರ 150ನೇ ಚಿತ್ರ 'ಗಂಧದ ಗುಡಿ' ಬಂತು. ಅಲ್ಲಿಯೂ ಲಕ್ಷ್ಮೀದೇವಿಯವರದು ತಾಯಿಯ ಪಾತ್ರ. ಆ ಸಿನಿಮಾ ಅಂದ ಕೂಡಲೇ ಜನಕ್ಕೆ ನೆನಪಾಗುವುದು ಕಾಡು, ಆನೆ, ಫಾರೆಸ್ಟ್ ಆಫೀಸರ್ ಟೋಪಿ, ವಿಷ್ಣುವರ್ಧನ್. ತಾಯಿಯನ್ನು ನೆನೆಯುವವರು ನಮ್ಮ ಅಮ್ಮನಂಥವರು.

ಅಕ್ಕ, ಅತ್ತಿಗೆ, ಅಮ್ಮ, ಅತ್ತೆ. ನಮ್ಮ ಸಿನಿಮಾಗಳಲ್ಲಿ ಪೋಷಕ ನಟಿಯ ನೌಕರಿ ಅಂದರೆ ಈ ನಾಲ್ಕು ಹುದ್ದೆ. ಬಡ್ತಿಯೂ ಇದರೊಳಗೇ, ವರ್ಗಾವಣೆಯೂ ಇದರೊಳಗೇ! ನಾಯಕಿಯರಾಗಿ ಶುರು ಮಾಡಿದವರೂ ಕೊನೆಗೆ ಇಲ್ಲಿಗೇ ಬಂದರು. ಎಂ.ವಿ. ರಾಜಮ್ಮನವರು 1936ರ 'ಸಂಸಾರ ನೌಕ'ದ ನಾಯಕಿ. 1943ರಲ್ಲಿ 'ರಾಧಾರಮಣ' ತೆಗೆದು ನಿರ್ಮಾಪಕಿಯೂ ಆದವರು. ನಮ್ಮ ತಲೆಮಾರಿಗೆ ಅವರು ಗೊತ್ತಿದ್ದದ್ದು ಅಮ್ಮನಾಗಿ. ಭಟ್ಕಳದ ಪಂಡರೀಬಾಯಿಯವರು 1954ರ 'ಬೇಡರ ಕಣ್ಣಪ್ಪ'ದಲ್ಲಿ ರಾಜ್‌ಕುಮಾರರಿಗೆ ನಾಯಕಿ. ಆಮೇಲೆ ಅದೇ ರಾಜ್‌ಕುಮಾರರಿಗೆ ತಾಯಿ. ವಯಸ್ಸಿನಲ್ಲಿ ಇಬ್ಬರಿಗೂ ಅಂಥ ಅಂತರವೇನಿಲ್ಲ. ರಾಜ್‌ಕುಮಾರರು 2000ದ 'ಶಬ್ದವೇಧಿ'ವರೆಗೂ ನಾಯಕರೇ. 'ರಾಣಿ ಹೊನ್ನಮ್ಮ'ದ ಲೀಲಾವತಿಯವರದೂ ಇದೇ ದಾರಿ. ನಾವು ರಾಜ್‌ಕುಮಾರರ ಭಕ್ತರೇ, ಅದರಲ್ಲಿ ಅನುಮಾನ ಬೇಡ. ಆದರೂ ಈ ಲೆಕ್ಕ ಮಾತ್ರ ನಮಗೆ ಯಾವತ್ತೂ ಸರಿ ಹೋಗಿಲ್ಲ.

ಲಕ್ಷ್ಮೀದೇವಿಯವರು ಕೆಲಸ ಮಾಡಿದ ಕಾಲದಲ್ಲಿ ಕನ್ನಡ ಸಿನಿಮಾ ಹೆಚ್ಚಾಗಿ ತಯಾರಾಗುತ್ತಿದ್ದದ್ದು ಮದ್ರಾಸಿನಲ್ಲಿ. ಕೋಡಂಬಾಕ್ಕಂನ ಸ್ಟುಡಿಯೋ ಒಂದರಲ್ಲೇ ಒಂದು ಫ್ಲೋರಿನಲ್ಲಿ ತೆಲುಗು, ಪಕ್ಕದ ಫ್ಲೋರಿನಲ್ಲಿ ತಮಿಳು, ಇನ್ನೊಂದರಲ್ಲಿ ಕನ್ನಡ. ಪೋಷಕ ಪಾತ್ರದವರ ಬದುಕು ಕಾಲ್‌ಶೀಟಿನ ಲೆಕ್ಕದ್ದು. ಹೀರೋ ಡೇಟು ಸಿಕ್ಕಾಗ ಇವರು ಹಾಜರಿರಬೇಕು, ಹೀರೋ ಡೇಟು ತಪ್ಪಿದರೆ ಇವರ ದಿನವೂ ಹೋಯಿತು. ಒಂದು ಸಿನಿಮಾದಲ್ಲಿ ನಾಲ್ಕು ದಿನ, ಇನ್ನೊಂದರಲ್ಲಿ ಆರು ದಿನ. ತೆಲುಗಿನವರು ಇವರನ್ನು 'ಕ್ಯಾರೆಕ್ಟರ್ ಆರ್ಟಿಸ್ಟ್' ಅನ್ನುತ್ತಾರೆ. ಆ ಹೆಸರೇ ವಾಸಿ ಅಂತ ನಮ್ಮ ಅಭಿಪ್ರಾಯ. ನಮ್ಮ 'ಪೋಷಕ' ಎಂಬ ಮಾತೂ ಕೆಟ್ಟದ್ದಲ್ಲ. ಶಾಲೆಯ ರಿಜಿಸ್ಟರಿನಲ್ಲಿ ತಂದೆ ತಾಯಿ ಕಾಲಂಗೆ 'ಪೋಷಕರು' ಅಂತಲೇ ಬರೆಯುತ್ತೇವಲ್ಲ.

ತೆಲುಗಿನ ಮಾತು ಬಂದಿದ್ದಕ್ಕೆ ಒಂದು ತಮಾಷೆ. ಸೂರ್ಯಕಾಂತಂ ಅಂತ ನಟಿ, ಗಯ್ಯಾಳಿ ಅತ್ತೆಯ ಪಾತ್ರಕ್ಕೆ ಅವರೇ. ಅವರ ದೆಸೆಯಿಂದ ತೆಲುಗಿನವರು ಹೆಣ್ಣುಮಕ್ಕಳಿಗೆ ಸೂರ್ಯಕಾಂತಂ ಅಂತ ಹೆಸರಿಡುವುದನ್ನೇ ಬಿಟ್ಟರು ಎಂಬ ಮಾತಿದೆ! ಒಂದು ಹೆಸರನ್ನೇ ಊರಿಂದ ಹೊರಗೆ ಹಾಕಿಸುವಷ್ಟು ಒಬ್ಬ ಪೋಷಕ ನಟಿ ಜನರ ಮನಸ್ಸಿನಲ್ಲಿ ಕೂತಿದ್ದರು ಅಂದಹಾಗಾಯಿತು. ಇಂಗ್ಲೆಂಡಿನಲ್ಲೂ ಇಂಥದೇ. ಅಲ್ಲಿನ ಟಿವಿಯಲ್ಲಿ 'ಕೊರೊನೇಷನ್ ಸ್ಟ್ರೀಟ್' ಅಂತ ಒಂದು ಧಾರಾವಾಹಿ 1960ರ ಡಿಸೆಂಬರಿನಲ್ಲಿ ಶುರುವಾಗಿ ಇನ್ನೂ ನಿಂತಿಲ್ಲ. ಅದರಲ್ಲಿ ಜೀನ್ ಅಲೆಕ್ಸಾಂಡರ್ ಎಂಬಾಕೆ ಕಸ ಗುಡಿಸುವ ಹೆಂಗಸಿನ ಪಾತ್ರದಲ್ಲಿ 1964ರಿಂದ 1987ರವರೆಗೆ 23 ವರ್ಷ ಇದ್ದರು. ತಲೆಗೆ ಕರ್ಲರ್ ಸುತ್ತಿಕೊಂಡ ಆ ಹಿಲ್ಡಾ ಆಗ್ಡನ್ ಎಂಬ ಪಾತ್ರ ಅಲ್ಲಿನ ಜನಕ್ಕೆ ಪಕ್ಕದ ಮನೆಯವಳಿದ್ದಂತೆ. ಒಂದೇ ಪಾತ್ರದಲ್ಲಿ 23 ವರ್ಷ! ನಾವೂ 2003ರ ಡಿಎಸ್ಸಿಯಲ್ಲಿ ಕನ್ನಡ ಮಾಧ್ಯಮದ ಹುದ್ದೆಗೆ ಬಂದವರು, ಹೆಚ್ಚುಕಡಿಮೆ ಅಷ್ಟೇ ವರ್ಷ ಆಯಿತು. ನಮಗೂ ಪಾತ್ರ ಬದಲಾಗಿಲ್ಲ.

ನಮ್ಮಲ್ಲಿ ಟಿವಿ ಬಂದಮೇಲೆ ಈ ಅಮ್ಮಂದಿರ ಕಥೆ ಸ್ವಲ್ಪ ತಿರುಗಿತು ಅನ್ನಬೇಕು. ಸಂಜೆಯ ಧಾರಾವಾಹಿಗಳಲ್ಲಿ ಅಮ್ಮನೇ ಕಥೆಯ ನಡುವೆ ನಿಲ್ಲುವುದುಂಟು. ಉಮಾಶ್ರೀಯವರನ್ನು ನೋಡಿ. ಸಿನಿಮಾದಲ್ಲಿ ಎಷ್ಟೋ ವರ್ಷ ಹಾಸ್ಯದ ಸಣ್ಣಪುಟ್ಟ ಪಾತ್ರಗಳು, ಕೆಲವು ನೋಡಲು ಮುಜುಗರ ಆಗುವಂಥವು. ಗಿರೀಶ್ ಕಾಸರವಳ್ಳಿಯವರ 'ಗುಲಾಬಿ ಟಾಕೀಸ್'ಗೆ ರಾಷ್ಟ್ರಪ್ರಶಸ್ತಿ ಬಂತು. ಆಮೇಲೆ ಕರ್ನಾಟಕದಲ್ಲಿ ಮಂತ್ರಿಯೂ ಆದರು. 2021ರಲ್ಲಿ ಶುರುವಾದ 'ಪುಟ್ಟಕ್ಕನ ಮಕ್ಕಳು' ಧಾರಾವಾಹಿಯಲ್ಲಿ ಅಮ್ಮನ ಪಾತ್ರದ ಹೆಸರೇ ಧಾರಾವಾಹಿಯ ಹೆಸರು. ನಮ್ಮ ಊರಲ್ಲಿ ಆ ಹೊತ್ತಿಗೆ ಕರೆಂಟು ಹೋದರೆ ಲೈನ್‌ಮನ್‌ಗೆ ಬೈಗುಳದ ಸುರಿಮಳೆ, ಅದೂ ಎರಡು ಭಾಷೆಯಲ್ಲಿ.

ಇರಲಿ, ವಿಷಯಕ್ಕೆ ಬರೋಣ. ಹೆಣ್ಣುಮಗಳು ಬಣ್ಣ ಹಚ್ಚುವುದೆಂದರೆ ನಮ್ಮ ಭಾಗದಲ್ಲಿ ಸುಲಭದ ಮಾತಲ್ಲ. ಬಳ್ಳಾರಿ ರಾಘವರು ವಕೀಲರು, ದೊಡ್ಡ ನಟರು, ಹೆಣ್ಣಿನ ಪಾತ್ರ ಹೆಣ್ಣೇ ಮಾಡಬೇಕು ಅಂತ ನಿಂತವರು. ಅವರು ತೀರಿಕೊಂಡದ್ದು 1946ರಲ್ಲಿ. ಇವತ್ತಿಗೂ ನಮ್ಮ ಹಳ್ಳಿಗಳಲ್ಲಿ ಜಾತ್ರೆಗೆ ನಾಟಕ ಆಡುವಾಗ ಗಂಡು ಪಾತ್ರಗಳೆಲ್ಲ ಊರ ಹುಡುಗರವು, ಹೆಣ್ಣು ಪಾತ್ರಗಳಿಗೆ ಮಾತ್ರ ಹೊರಗಿನಿಂದ ಕಲಾವಿದೆಯರನ್ನು ದುಡ್ಡು ಕೊಟ್ಟು ಕರೆಸುತ್ತಾರೆ. ಅವರು ಮಧ್ಯಾಹ್ನದ ಬಸ್ಸಿಗೆ ಬರುತ್ತಾರೆ. ಕೈಯಲ್ಲೊಂದು ಚೀಲ, ಅದರಲ್ಲಿ ಸೀರೆ, ಸವರಿ, ಬಣ್ಣದ ಡಬ್ಬಿ. ಊರ ಹುಡುಗರು ಮೂರು ತಿಂಗಳು ತಾಲೀಮು ಮಾಡಿದ್ದನ್ನು ಅವರು ಒಂದು ಸಂಜೆಯಲ್ಲಿ ಹೊಂದಿಸಿಕೊಳ್ಳುತ್ತಾರೆ. ಹುಡುಗ ಮಾತು ಮರೆತರೆ ಪಾತ್ರದೊಳಗೇ ನಿಂತು, "ಸ್ವಾಮೀ, ತಾವು ಹೀಗೆ ಹೇಳಬೇಕೆಂದಿದ್ದಿರಲ್ಲವೇ" ಅಂತ ಅವನ ಮಾತನ್ನೂ ತಾವೇ ಹೇಳಿ ದಾಟಿಸುತ್ತಾರೆ. ಬೆಳಿಗ್ಗೆ ಜನ ಹೊಗಳುವುದು ಊರ ಹುಡುಗನನ್ನು. ಆಯೇರು ಅವನಿಗೆ, ಹಾರ ಅವನಿಗೆ. ಆಕೆ ಮೊದಲನೇ ಬಸ್ಸಿಗೆ ಹೊರಟಿರುತ್ತಾಳೆ. 2020ರಲ್ಲಿ ತೀರಿಕೊಂಡ ಬಳ್ಳಾರಿಯ ಸುಭದ್ರಮ್ಮ ಮನ್ಸೂರರಂಥ ದೊಡ್ಡ ಕಲಾವಿದೆಯೂ ಹೀಗೆ ಊರೂರಿನ ರಂಗದ ಮೇಲೆ ಹಾಡುತ್ತ ಬದುಕು ಸವೆಸಿದವರೇ. ಇಂಥ ಸೀಮೆಯಿಂದ ಒಬ್ಬ ಹೆಣ್ಣುಮಗಳು ಊರಿನ ಹೆಸರನ್ನೇ ಮುಂದೆ ಹಾಕಿಕೊಂಡು ಸಿನಿಮಾದಲ್ಲಿ ನಿಂತಳು ಅಂದರೆ, ನಮ್ಮ ಅಮ್ಮ ಅಂಗಳದಲ್ಲಿ ಕೂಗಿದ್ದು ಸುಮ್ಮನೆ ಅಲ್ಲ.

ಇಷ್ಟೆಲ್ಲ ತಿಳಿದವರ ಹಾಗೆ ಬರೆಯುತ್ತಿದ್ದೇವೆ. ಆದರೆ ನಾವೇ ಮಾಡಿದ ಒಂದು ತಪ್ಪು ಇದೆ, ಅದನ್ನು ಹೇಳದೆ ಮುಗಿಸಿದರೆ ಮೋಸ ಆಗುತ್ತದೆ.

2011ರಲ್ಲಿ ಶಾಲಾ ವಾರ್ಷಿಕೋತ್ಸವಕ್ಕೆ ಶ್ರವಣಕುಮಾರನ ಕಥೆ ಆಡಿಸಿದೆವು. ಅರ್ಧ ಗಂಟೆಯ ನಾಟಕ, ನಾವೇ ಬರೆದದ್ದು. ಟಿಸಿಎಚ್ ಓದುವಾಗ ನಮ್ಮ ಗುರುಗಳೊಬ್ಬರು ಕಲಿಸಿದ್ದರು, ನಾಟಕ ಆಡಿಸಿದರೆ ಭಾಷೆ ತಾನೇ ಬರುತ್ತದೆ ಅಂತ. ಶ್ರವಣನ ಪಾತ್ರಕ್ಕೆ ಜಗಳವೋ ಜಗಳ. ದಶರಥನ ಪಾತ್ರಕ್ಕೂ ಜಗಳ, ಬಿಲ್ಲು ಬಾಣ ಇರುತ್ತದಲ್ಲ! ಕುರುಡಿ ತಾಯಿಯ ಪಾತ್ರ ಯಾರಿಗೂ ಬೇಡ. ಏಳನೇ ತರಗತಿಯ ಒಬ್ಬ ಹುಡುಗಿ ಇದ್ದಳು, ವಯಸ್ಸಿಗಿಂತ ಎತ್ತರ, ಮಾತು ಕಮ್ಮಿ. "ನೀನು ಮಾಡಮ್ಮ" ಅಂದೆವು. ಅವಳು "ಹೂಂ ಸಾರ್" ಅಂದಳು. ನಾವು ಅವಳಿಗೆ ಬರೆದಿದ್ದು ಆರೇ ಆರು ಮಾತು. ತಾಲೀಮಿನಲ್ಲಿ ಬಹುಪಾಲು ಸಮಯ ಶ್ರವಣನಿಗೂ ದಶರಥನಿಗೂ ಹೋಯಿತು. ಅವಳು ಮೂಲೆಯಲ್ಲಿ ಕಣ್ಣು ಮುಚ್ಚಿ ಕೂತು ಅಭ್ಯಾಸ ಮಾಡುತ್ತಿದ್ದಳು. ಒಂದು ದಿನ ಶ್ರವಣ ಸತ್ತ ಸುದ್ದಿ ಕೇಳುವ ದೃಶ್ಯದಲ್ಲಿ ಅವಳು ಅಳಲಿಲ್ಲ, ಪಕ್ಕದಲ್ಲಿದ್ದ ನೀರಿನ ಚೆಂಬನ್ನು ತಡವಿದಳು, ಅಷ್ಟೇ. ತಡವಿ ತಡವಿ ಅದು ಸಿಗದೆ ಕೈ ಹಾಗೇ ನಿಲ್ಲಿಸಿದಳು. ಅಡಿಗೆ ಮಾಡುವ ಆಯಾ ಬಾಗಿಲಲ್ಲಿ ನಿಂತು ನೋಡುತ್ತಿದ್ದವಳು ಕಣ್ಣು ಒರೆಸಿಕೊಂಡಳು. ನಾವು ಹೇಳಿಕೊಟ್ಟದ್ದಲ್ಲ ಅದು. ಮನೆಯಲ್ಲಿ ಮೂರು ಮಂದಿ ತಮ್ಮ ತಂಗಿಯರನ್ನು ಸಾಕುತ್ತಿದ್ದವಳು ಅವಳೇ.

ಅವಳ ತಲೆಗೆ ಮುದುಕಿಯ ಬಿಳಿ ಕೂದಲು ಬೇಕಿತ್ತು. ವಿಗ್ಗಿಗೆ ದುಡ್ಡೆಲ್ಲಿ? ಹಳೆಯ ಟೋಪಿಗೆ ಹತ್ತಿ ಅಂಟಿಸಿ ಅವಳೇ ಮಾಡಿಕೊಂಡಳು. ಹತ್ತಿಗೇನು ನಮ್ಮ ಕಡೆ ಬರಗಾಲವಿಲ್ಲ.

ವಾರ್ಷಿಕೋತ್ಸವ ಇನ್ನು ಎಂಟು ದಿನ ಇದೆ ಅನ್ನುವಾಗ ಅವಳು ಬರಲಿಲ್ಲ. ಮಾರನೇ ದಿನವೂ ಇಲ್ಲ. ಮನೆಯವರೆಲ್ಲ ಮೆಣಸಿನಕಾಯಿ ಬಿಡಿಸಲು ಗುಂಟೂರಿಗೆ ಹೋಗಿದ್ದರು. ನಮ್ಮ ಭಾಗದಲ್ಲಿ ಇದು ಪ್ರತಿ ವರ್ಷದ್ದು. ಸಂಕ್ರಾಂತಿ ಮುಗಿದರೆ ಸಾಕು, ಮನೆಗೆ ಬೀಗ ಹಾಕಿ, ಲಾರಿ ಹತ್ತಿ, ಮಕ್ಕಳು ಮರಿ ಪಾತ್ರೆ ಪಗಡ ಎಲ್ಲ ಕಟ್ಟಿಕೊಂಡು ಗುಂಟೂರು ಕಡೆ. ಮಕ್ಕಳನ್ನು ಊರಲ್ಲೇ ಉಳಿಸಿಕೊಳ್ಳಲು ಸೀಸನಲ್ ಹಾಸ್ಟೆಲ್ ಅಂತ ಒಂದು ವ್ಯವಸ್ಥೆ ಇದೆ. ಹೋಗುವ ಮುಂಚೆ ಅವರ ಮನೆಗೆ ಒಂದು ಸಲ ಹೋಗಿ, ಅವಳಪ್ಪನಿಗೆ, "ಅಣ್ಣಾ, ಹುಡುಗಿ ಇಲ್ಲೇ ಇರಲಿ, ನಾವು ನೋಡಿಕೊಳ್ತೇವೆ" ಅಂದಿದ್ದರೆ ಏನಾಗುತ್ತಿತ್ತೋ. ಹೋಗಲಿಲ್ಲ. ಆ ವಾರ ನಾವು ದಶರಥನ ಕಿರೀಟಕ್ಕೆ ಬಣ್ಣದ ಕಾಗದ ತರಲು ಎರಡು ಸಲ ಸಿರುಗುಪ್ಪಕ್ಕೆ ಹೋಗಿ ಬಂದಿದ್ದೆವು. ಅವಳ ಮನೆ ಶಾಲೆಯ ಹಿಂದಿನ ಓಣಿಯಲ್ಲೇ ಇತ್ತು.

ಬೇರೆ ಹುಡುಗಿಗೆ ಆರು ಮಾತು ಬಾಯಿಪಾಠ ಮಾಡಿಸಿದೆವು. ಆರು ಮಾತಲ್ಲವೇ, ಏನು ಮಹಾ ಅಂತ. ವಾರ್ಷಿಕೋತ್ಸವದ ರಾತ್ರಿ ದಶರಥ ಚೆನ್ನಾಗಿ ಮಾಡಿದ. ಶ್ರವಣ ಇನ್ನೂ ಚೆನ್ನಾಗಿ ಮಾಡಿದ, ಬಾಣ ತಗುಲಿ ಬಿದ್ದು ಒದ್ದಾಡಿದ. ತಾಯಿಗೆ ಸುದ್ದಿ ಮುಟ್ಟುವ ದೃಶ್ಯ ಬಂತು. ಆ ಹುಡುಗಿ ಕಣ್ಣು ಬಿಟ್ಟುಕೊಂಡೇ ಚೆಂಬು ಎತ್ತಿಕೊಂಡು, ಜನರ ಕಡೆ ನೋಡಿ ನಕ್ಕುಬಿಟ್ಟಳು. ಜನರೂ ನಕ್ಕರು. ಸತ್ತು ಮಲಗಿದ್ದ ಶ್ರವಣನೂ ನಕ್ಕ. ಆ ಮಗುವಿನದೇನೂ ತಪ್ಪಿಲ್ಲ. ಅಷ್ಟು ದಿನದ ತಾಲೀಮು ಒಂದು ಕ್ಷಣದಲ್ಲಿ ನೆಲ ಕಚ್ಚಿತು. ಊರವರು, "ಚೊಲೊ ನಗಿ ಬಂತು ಸಾರ್" ಅಂತ ಹೊಗಳಿದರು. ಪೆಟ್ಟಿಗೆಯಲ್ಲಿ ಹತ್ತಿಯ ಟೋಪಿ ಇಡುವಾಗ ನಮಗೆ ಆದ ಹೊಟ್ಟೆಸಂಕಟ ನಾಟಕ ಕೆಟ್ಟದ್ದಕ್ಕೆ ಮಾತ್ರ ಆಗಿರಲಿಲ್ಲ.

ಅವಳು ಏಪ್ರಿಲ್ ಕೊನೆಗೆ ಊರಿಗೆ ಬಂದಳು. ಪರೀಕ್ಷೆ ಮುಗಿದಿತ್ತು. ಹೇಗೋ ಪಾಸು ಮಾಡಿ ಕಳಿಸಿದೆವು. ಎಂಟನೇ ತರಗತಿಗೆ ಸೇರಿದಳೋ ಇಲ್ಲವೋ ಅಂತ ಆಗ ವಿಚಾರಿಸಲೂ ಇಲ್ಲ. ಸೇರಿರಲಿಲ್ಲ. ಅದು ಗೊತ್ತಾಗಿದ್ದು ಎರಡು ವರ್ಷದ ಮೇಲೆ, ಯಾರೋ ಮದುವೆ ಮಾತುಕತೆ ನಡೆದಿದೆ ಅಂದಾಗ.

2025ರ ಜುಲೈನಲ್ಲಿ ಎಲ್ಲ ಶಾಲೆಗಳಲ್ಲೂ ದೊಡ್ಡದಾಗಿ ಪೋಷಕರ ಸಭೆ ಮಾಡಿದರಲ್ಲ, ಆ ದಿನ ಒಬ್ಬ ಹೆಣ್ಣುಮಗಳು ಒಂದನೇ ತರಗತಿಯ ಹುಡುಗನ ಕೈ ಹಿಡಿದುಕೊಂಡು ಬಂದಳು. ಎತ್ತರ ನೋಡಿದ ಕೂಡಲೇ ಗುರುತು ಸಿಕ್ಕಿತು. ಮದುವೆಯಾಗಿ ಹೋದದ್ದು ಆಲೂರು ಕಡೆ, ಈಗ ತವರಲ್ಲೇ ಇದ್ದಾಳೆ. ಯಾಕೆ ಅಂತ ನಾವು ಕೇಳಲಿಲ್ಲ. ಊರಲ್ಲಿ ಇಂಗ್ಲಿಷ್ ಮೀಡಿಯಂ ವ್ಯಾನು ಮನೆ ಬಾಗಿಲಿಗೇ ಬರುತ್ತದೆ. ಆದರೂ ಹುಡುಗನನ್ನು ನಮ್ಮ ಶಾಲೆಗೇ ಹಾಕಿದ್ದಳು. ಅದಕ್ಕೂ ಕಾರಣ ಕೇಳಲು ಬಾಯಿ ಬರಲಿಲ್ಲ. ಫೀಜಿಗೆ ದುಡ್ಡಿಲ್ಲದೆಯೂ ಇರಬಹುದು. ಸುಮ್ಮನೆ ನಾವು ಹೆಮ್ಮೆಪಡುವುದು ಬೇಡ. ಅವಳೇ ಕೇಳಿದಳು.

"ಸಾರ್, ಆ ಹತ್ತಿ ಕೂದಲು ಐತೇನ್ರೀ ಇನ್ನಾ?"

ಇತ್ತು. ಬೀರುವಿನ ಮೇಲಿನ ತಗಡಿನ ಪೆಟ್ಟಿಗೆ ಇಳಿಸಿದೆವು. ದಶರಥನ ಕಿರೀಟ ಯಾವಾಗಲೋ ಮುರಿದು ಹೋಗಿತ್ತು. ಟೋಪಿ ಇತ್ತು, ಹತ್ತಿ ಹಳದಿಯಾಗಿ, ಒಂದು ಕಡೆ ಇಲಿ ತಿಂದಿತ್ತು. ಅವಳು ಕೈಯಲ್ಲಿ ಹಿಡಿದು ತಿರುಗಿಸಿ ನೋಡಿದಳು. ಹುಡುಗನ ತಲೆಗೆ ಹಾಕಿ ನಕ್ಕಳು. "ಅವತ್ತು ಯಾರು ಮಾಡಿದ್ರು ಸಾರ್ ನಂದು?" ಅಂದಳು. ಹೇಳಿದೆವು. ನಗೆಯ ವಿಷಯವನ್ನೂ ಹೇಳಿದೆವು. "ಅಯ್ಯೋ, ಚೆಂಬು ತಡವಬೇಕಿತ್ತಲ್ರೀ" ಅಂದಳು. ಹದಿನಾಲ್ಕು ವರ್ಷದ ಮೇಲೆ! ನಾವು ಅವಳಿಗೆ ಹೇಳಬೇಕಾದದ್ದು ಒಂದಿತ್ತು. "ಆವಾಗ ನಿಮ್ಮ ಮನೆಗೆ ಬರಬೇಕಿತ್ತಮ್ಮಾ, ತಪ್ಪಾಯಿತು" ಅಂದೆವು. ಅವಳು ಏನೂ ಅನ್ನಲಿಲ್ಲ, ಟೋಪಿಯನ್ನು ಪೆಟ್ಟಿಗೆಯಲ್ಲಿಟ್ಟು ಮುಚ್ಚಿದಳು. ಹೋಗುವಾಗ ಬಾಗಿಲಲ್ಲಿ ತಿರುಗಿ, "ಹತ್ತಿ ಬರ್ಲಿ ಸಾರ್, ಹೊಸಾದು ಕಳಿಸ್ತೀನಿ" ಅಂದಳು.

ನವೆಂಬರಿನಲ್ಲಿ ಸಿನಿಮಾ ತೋರಿಸಿದ ದಿನ, ಆದವಾನಿ ಯಾವೂರು ಅಂತ ಪ್ರಶ್ನೆ ಬಂದ ಮೇಲೆ, ನಾವು ಮಕ್ಕಳಿಗೆ ಒಂದು ಕೆಲಸ ಕೊಟ್ಟೆವು. ಅಕ್ಕನ ಪಾತ್ರ ಎಷ್ಟು ಸಲ ಬರುತ್ತದೆ, ಏನು ಮಾಡುತ್ತದೆ ಅಂತ ಪಟ್ಟಿ ಮಾಡಿ ಅಂದೆವು. ಲೆಕ್ಕ ಯಾರದೂ ಯಾರಿಗೂ ತಾಳೆಯಾಗಲಿಲ್ಲ, ನಡುವೆ ಹಾಡು ಬಂದಾಗ ಎಲ್ಲರೂ ಮರೆತರು. ಒಬ್ಬಳು ಮಾತ್ರ ಬರೆದಿದ್ದಳು: 'ಅಕ್ಕ ಮಾತಾಡಲ್ಲ, ಆದರೆ ಎಲ್ಲಾ ಗೊತ್ತಾಗ್ತದೆ.' ಪ್ರಶ್ನೆ ಕೇಳಿದ ಹುಡುಗ ಮನೆಗೆ ಹೋಗಿ ಅಜ್ಜಿಯನ್ನು ಕೇಳಿಕೊಂಡು ಬಂದ. ಮಾರನೇ ದಿನ ಬಾಗಿಲಲ್ಲೇ ನಿಂತು, "ನಮ್ಮಜ್ಜಿ ಆದವಾನಿ ಅಂತಾಳ ಸಾರ್! ಇಷ್ಟು ದಿನ ತಪ್ಪು ಹೇಳ್ತಾಳ ಅಂದ್ಕೊಂಡಿದ್ದೆ" ಅಂದ.

ಅದಾಗಿ ಒಂದು ವಾರಕ್ಕೆ ಒಂದನೇ ತರಗತಿಯ ಆ ಹುಡುಗ ಪ್ಲಾಸ್ಟಿಕ್ ಕವರೊಂದನ್ನು ಎರಡೂ ಕೈಯಲ್ಲಿ ತಬ್ಬಿಕೊಂಡು ಬಂದ. "ಅಮ್ಮ ಕೊಟ್ಲು" ಅಂದವನೇ ಓಡಿಹೋದ. ಈ ವರ್ಷದ ಹತ್ತಿ, ಗಿಡದಿಂದ ಬಿಡಿಸಿ ತಂದದ್ದು, ಬೀಜ ಇನ್ನೂ ತೆಗೆದಿಲ್ಲ. ಮೇಜಿನ ಮೇಲೆ ಇಟ್ಟಿದ್ದೇವೆ. ಮಧ್ಯಾಹ್ನ ಊಟ ಆದಮೇಲೆ ಏಳನೇ ತರಗತಿ ಮಕ್ಕಳು ಸುತ್ತ ಕೂತು ಬೀಜ ಬಿಡಿಸುತ್ತಿದ್ದಾರೆ. ಯಾರಿಗೆ ಅಂತ ಕೇಳಿದರು. ಇನ್ನೂ ಯಾರಿಗೂ ಕೊಟ್ಟಿಲ್ಲ, ಮೊದಲು ಆ ಪಾತ್ರ ಯಾರದು ಅಂತ ಗೊತ್ತಾಗಲಿ, ಆಮೇಲೆ ಶ್ರವಣ ಯಾರು ಅಂತ ನೋಡೋಣ ಅಂದಿದ್ದೇವೆ.